ಬಾಂಡ್ ಗಿಟಾರಿನ ಹಿಂದಿನ ಕೈ



ಜೇಮ್ಸ್ ಬಾಂಡ್ ಚಿತ್ರಗಳ ಆರಂಭದ ಗಿಟಾರ್ ನಾದವನ್ನು ಆ ಸಿನಿಮಾಗಳನ್ನು ನೋಡದವರೂ ಗುರುತಿಸಬಲ್ಲರು. ಆದರೆ ಆ ತಂತಿಗಳನ್ನು ಮೀಟಿದವರು ಯಾರೆಂದು ಕೇಳಿದರೆ ಉತ್ತರಿಸುವವರು ಬಹಳ ಕಡಿಮೆ. ಅವರೇ ವಿಕ್ ಫ್ಲಿಕ್. 1937ರಲ್ಲಿ ಇಂಗ್ಲೆಂಡಿನ ಸರ್ರೆಯಲ್ಲಿ ಹುಟ್ಟಿದ ಅವರು 2024ರ ನವೆಂಬರ್‌ನಲ್ಲಿ, ತಮ್ಮ 87ನೇ ವಯಸ್ಸಿನಲ್ಲಿ ನಿಧನರಾದರು.

ಫ್ಲಿಕ್ 'ಸೆಷನ್' ವಾದಕರು. ಅಂದರೆ, ಒಬ್ಬ ಗಾಯಕನಿಗೆ ಅಂಟಿಕೊಳ್ಳದೆ, ಕರೆ ಬಂದ ಸ್ಟುಡಿಯೋಗೆ ಹೋಗಿ ನುಡಿಸಿ ದಿನದ ಸಂಭಾವನೆ ಪಡೆಯುವವರು. ಅರವತ್ತರ ದಶಕದ ಲಂಡನ್ನಿನಲ್ಲಿ ಒಂದು ಸೆಷನ್ ಎಂದರೆ ಸಾಮಾನ್ಯವಾಗಿ ಮೂರು ಗಂಟೆ. ಸ್ವರಲಿಪಿಯ ಹಾಳೆ ಕೈಗೆ ಬಂದೊಡನೆ ಓದಿ ನುಡಿಸಬೇಕು, ತಾಲೀಮಿಗೆ ಸಮಯವಿಲ್ಲ. 1964ರಲ್ಲಿ ಜನಪ್ರಿಯವಾದ ಪೆಟುಲಾ ಕ್ಲಾರ್ಕ್‌ರ 'ಡೌನ್‌ಟೌನ್' ಹಾಡಿನ ಧ್ವನಿಮುದ್ರಣದಲ್ಲೂ ಫ್ಲಿಕ್ ನುಡಿಸಿದ್ದರು. ಖ್ಯಾತಿ ಗಾಯಕಿಗೆ ಬಂತು.

ಬಾಂಡ್ ಸಂಗೀತದ ಕಥೆಗೆ ಭಾರತೀಯ ನಂಟೂ ಇದೆ. ಟ್ರಿನಿಡಾಡ್‌ನ ಭಾರತೀಯ ಕುಟುಂಬವೊಂದರ ಕಥೆ ಹೇಳುವ ವಿ.ಎಸ್. ನೈಪಾಲರ 'ಎ ಹೌಸ್ ಫಾರ್ ಮಿಸ್ಟರ್ ಬಿಸ್ವಾಸ್' ಕಾದಂಬರಿ 1961ರಲ್ಲಿ ಪ್ರಕಟವಾಯಿತು. ಅದನ್ನು ಸಂಗೀತ ನಾಟಕವಾಗಿಸಲು ಮಾಂಟಿ ನಾರ್ಮನ್ ಹಾಡುಗಳನ್ನು ಬರೆದರು. ನಾಟಕ ರಂಗವೇರಲಿಲ್ಲ. ಭಾರತೀಯ ಛಾಯೆಯಿದ್ದ ಅದರ ಒಂದು ಹಾಡಿನ ಧಾಟಿಯನ್ನೇ ನಾರ್ಮನ್ 'ಡಾಕ್ಟರ್ ನೋ' ಚಿತ್ರಕ್ಕೆ ಬಳಸಿದರು. ಅದಕ್ಕೆ ಜಾನ್ ಬ್ಯಾರಿ ವಾದ್ಯವೃಂದದ ರೂಪ ಕೊಟ್ಟರು. ಕೆಳಸ್ಥಾಯಿಯಲ್ಲಿ, ದಪ್ಪ ತಂತಿಗಳ ಮೇಲೆ ನುಡಿಸಿದರೆ ಬಿಗಿ ಹೆಚ್ಚುತ್ತದೆ ಎಂದು ಸೂಚಿಸಿದ್ದು ತಾವೆಂದು ಫ್ಲಿಕ್ ಮುಂದೆ ನೆನಪಿಸಿಕೊಂಡರು. 1962ರ ಜೂನ್‌ನಲ್ಲಿ ಧ್ವನಿಮುದ್ರಣ ನಡೆಯಿತು. ಫ್ಲಿಕ್ ಕೈಯಲ್ಲಿದ್ದದ್ದು 1939ರ ಕ್ಲಿಫರ್ಡ್ ಎಸೆಕ್ಸ್ ಪ್ಯಾರಗಾನ್ ಗಿಟಾರ್.

ಸ್ವರ ಒಬ್ಬರದು, ರೂಪ ಇನ್ನೊಬ್ಬರದು, ನಾದ ಮತ್ತೊಬ್ಬರದು. ಪ್ರತಿಫಲದ ಲೆಕ್ಕ ಮಾತ್ರ ಬೇರೆ. ಫ್ಲಿಕ್‌ಗೆ ಸಿಕ್ಕಿದ್ದು ಒಂದೇ ಬಾರಿಯ ಸಂಭಾವನೆ. 6 ಪೌಂಡ್ ಎಂಬುದು ಪ್ರಚಲಿತ ಲೆಕ್ಕ. ಕೃತಿಯ ಕರ್ತೃವೆಂದು ದಾಖಲಾದ ನಾರ್ಮನ್‌ಗೆ 1976ರಿಂದ 1999ರವರೆಗೆ ಬಂದ ಗೌರವಧನವೇ ಸುಮಾರು 4,85,000 ಪೌಂಡ್. ನಿಜವಾದ ಕರ್ತೃ ಬ್ಯಾರಿ ಎಂದು ಬರೆದ 'ಸಂಡೇ ಟೈಮ್ಸ್' ವಿರುದ್ಧ ನಾರ್ಮನ್ ಹೂಡಿದ ಮಾನನಷ್ಟ ಮೊಕದ್ದಮೆ 2001ರಲ್ಲಿ ಅವರ ಪರವಾಗಿ ತೀರ್ಮಾನವಾಗಿ, 30,000 ಪೌಂಡ್ ಪರಿಹಾರವೂ ದೊರೆಯಿತು.

ಕಾನೂನಿನ ದೃಷ್ಟಿಯಲ್ಲಿ ಇದರಲ್ಲಿ ತಪ್ಪೇನಿಲ್ಲ. ಸ್ವರ ರಚಿಸಿದವನು ಕೃತಿಯ ಒಡೆಯ, ನುಡಿಸಿದವನು ಕೆಲಸಗಾರ. ಆದರೆ ಜನರ ನೆನಪಿನಲ್ಲಿ ಉಳಿದಿರುವುದು ಬರಿಯ ಸ್ವರವಲ್ಲ. ಅದೇ ಧಾಟಿಯನ್ನು ಸಿತಾರಿನಲ್ಲೋ ಪಿಟೀಲಿನಲ್ಲೋ ನುಡಿಸಿದ್ದರೆ ಅದು ಬಾಂಡ್ ಸಂಗೀತವಾಗುತ್ತಿತ್ತೆ ಎಂಬುದು ಕೇಳಬೇಕಾದ ಪ್ರಶ್ನೆ. ಆ ಒರಟು, ಗಡಸು ನಾದ ಹುಟ್ಟಿದ್ದು ಸ್ವರಲಿಪಿಯ ಹಾಳೆಯಿಂದಲ್ಲ, ಫ್ಲಿಕ್ ಬೆರಳುಗಳಿಂದ.

'ಡಾಕ್ಟರ್ ನೋ' ಚಿತ್ರದ ಶೀರ್ಷಿಕೆಗಳಲ್ಲಿ ಈ ಸಂಗೀತವನ್ನು ನುಡಿಸಿದ್ದು ಜಾನ್ ಬ್ಯಾರಿ ವಾದ್ಯವೃಂದ ಎಂದಷ್ಟೇ ಇತ್ತು. ಫ್ಲಿಕ್ ತಮ್ಮ ಆತ್ಮಕಥೆಯನ್ನು 2008ರಲ್ಲಿ ಹೊರತಂದರು. ಅದರ ಹೊದಿಕೆಯ ಮೇಲಾದರೂ ಅವರ ಹೆಸರು ದಪ್ಪ ಅಕ್ಷರದಲ್ಲಿ ಅಚ್ಚಾಯಿತು.