ಕಾರಣ ಕೇಳುವ ಚಟ

ಪುತ್ತೂರು, ಸುಳ್ಯ, ಕಡಬದ ಕಡೆ ಜಂಬರದ ಮನೆಯಲ್ಲಿ ಹೀಗೊಂದು ಮಾತು ಕಿವಿಗೆ ಬೀಳುವುದುಂಟು. "ದೊಡ್ಡವ ಬರ್ಲಿಲ್ವಾ?" "ಇಲ್ಲ, ಅವನಿಗೆ ಸೌಖ್ಯ ಇಲ್ಲ ಅಲ್ವಾ..." ಅಲ್ಲಿಗೆ ಮಾತು ಮುಗಿಯಿತು. ಮೂವತ್ತು ದಾಟಿದ ಆ ದೊಡ್ಡವ ಯಾವ ಜಂಬರಕ್ಕೂ ಬಂದವನಲ್ಲ. ವಯಸ್ಸಿಗೆ ತಕ್ಕ ಬುದ್ಧಿ ಬೆಳೆಯಲಿಲ್ಲವೆಂದು ಒಳಕೋಣೆಯಲ್ಲೇ ಉಳಿದವನು.

ಇಂಥ ಮಗು ಹುಟ್ಟಿದಾಗ ನಾವು ಮೊದಲು ಹುಡುಕಿದ್ದು ಕಾರಣವನ್ನು. ಜೋಯಿಸರಲ್ಲಿ ಪ್ರಶ್ನೆ ಇಟ್ಟರೆ ನಾಗದೋಷ, ಇಲ್ಲವೇ ದೈವದ ಮುನಿಸು. ನೆರೆಮನೆಯವರನ್ನು ಕೇಳಿದರೆ, ಬಸುರಿ ಗ್ರಹಣದ ಹೊತ್ತಿಗೆ ಹೊರಗೆ ಕಾಲಿಟ್ಟದ್ದು. ಸುತ್ತಿ ಸುತ್ತಿ ತಪ್ಪು ಬಂದು ಕೂರುತ್ತಿದ್ದುದು ತಾಯಿಯ ತಲೆಯ ಮೇಲೆ. ಕಾನೂನೇನೂ ಇದಕ್ಕಿಂತ ಮೇಲಿರಲಿಲ್ಲ. 1912ರ ಬ್ರಿಟಿಷ್ ಕಾಯ್ದೆ ಬುದ್ಧಿ ಬೆಳೆಯದ ಇಂಥವರನ್ನೂ ಹುಚ್ಚರ ಲೆಕ್ಕಕ್ಕೇ ಸೇರಿಸಿತ್ತು. ಬೇರೆ ಮಾಡಲು 1987ರ ಕಾಯ್ದೆ ಬರಬೇಕಾಯಿತು.

ಅಷ್ಟರಲ್ಲಿ ಗೇರುಗುಡ್ಡೆಗಳ ಮೇಲೆ ಹೆಲಿಕಾಪ್ಟರ್ ಹಾರತೊಡಗಿತ್ತು. ಚಿಗುರು ಹೀರುವ ಚಹಾ ಸೊಳ್ಳೆಯನ್ನು ಕೊಲ್ಲಲು ಸರಕಾರದ್ದೇ ಗೇರು ಅಭಿವೃದ್ಧಿ ನಿಗಮ 1980ರ ದಶಕದಿಂದ ಸುಮಾರು 2000ದ ತನಕ ಎಂಡೋಸಲ್ಫಾನ್ ಎಂಬ ಕೀಟನಾಶಕ ಸಿಂಪಡಿಸಿತು. ಗುಡ್ಡೆಯ ಕೆಳಗೆ ಬಾವಿ, ಬಾವಿಯ ಬದಿಯಲ್ಲಿ ಮನೆ. ಗಡಿಯಾಚೆ ಕಾಸರಗೋಡಿನ ಪಡ್ರೆಯಲ್ಲಿ ಡಾ. ವೈ.ಎಸ್. ಮೋಹನ ಕುಮಾರ್, ಪತ್ರಕರ್ತ ಶ್ರೀ ಪಡ್ರೆ, ಇಂಥ ಮಕ್ಕಳು ಹುಟ್ಟಲು ಈ ವಿಷವೇ ಕಾರಣವಿರಬಹುದೆಂದು ವರ್ಷಗಟ್ಟಲೆ ಎಚ್ಚರಿಸಿದರು. 2011ರ ಮೇ 13ರಂದು ಸುಪ್ರೀಂ ಕೋರ್ಟ್ ದೇಶದಾದ್ಯಂತ ಅದಕ್ಕೆ ತಡೆ ಹಾಕಿತು. ಗಡಿಯ ಈಚೆ ಮಾಸಾಶನ ಬಂತು, ಕೊಕ್ಕಡದಲ್ಲಿ, ಕೊಯಿಲದಲ್ಲಿ ಪಾಲನಾ ಕೇಂದ್ರ ಬಂತು. ದುಡ್ಡಿಗಿಂತ ದೊಡ್ಡದೊಂದು ಆ ತಾಯಂದಿರಿಗೆ ದಕ್ಕಿತೆಂದು ನನ್ನೆಣಿಕೆ: ತಪ್ಪು ತನ್ನ ಹೊಟ್ಟೆಯದಲ್ಲ ಎಂಬ ಧೈರ್ಯ.

ಆದರೆ ಈಗಲೂ ನಾವು ಕಾರಣ ಕೇಳುವುದನ್ನು ಬಿಟ್ಟಿಲ್ಲ. ಎಂಡೋ ಪೀಡಿತರ ಪಟ್ಟಿಯಲ್ಲಿ ಹೆಸರಿದ್ದ ಹುಡುಗನಿಗೆ ಒಂದು ಮಾಸಾಶನ. ಪಟ್ಟಿಯಲ್ಲಿಲ್ಲದ, ಡೌನ್ ಸಿಂಡ್ರೋಮ್ ಇರುವ ಪಕ್ಕದ ಮನೆಯ ಹುಡುಗಿಗೆ ಅದಿಲ್ಲ. ಇಬ್ಬರನ್ನೂ ಮೀಯಿಸಬೇಕು, ಉಣಿಸಬೇಕು, ರಾತ್ರಿ ಎದ್ದು ನೋಡಬೇಕು. ವಿಷ ಹಾಕಿದವರು ಪರಿಹಾರ ಕೊಡಲೇಬೇಕು, ಅದು ನ್ಯಾಯ. ಆದರೆ ಆರೈಕೆಗೂ ಕಾರಣದ ಚೀಟಿ ಬೇಕೇ? ಅಂದು ಕಾರಣ ಕೇಳಿ ಬೈದೆವು, ಇಂದು ಕಾರಣ ಕೇಳಿ ಕೊಡುತ್ತೇವೆ. ಎರಡೂ ಸಲ ಎದುರಿಗಿದ್ದ ಮನುಷ್ಯನನ್ನು ನೋಡಲಿಲ್ಲ.

ಹೆತ್ತವರಿಗೀಗ ಅರುವತ್ತು, ಎಪ್ಪತ್ತು. ಬೆಳೆದ ಮಗನನ್ನು ಎತ್ತಿ ಕೂರಿಸುವ ತ್ರಾಣವಿಲ್ಲ. "ನಮ್ಮ ನಂತರ ಯಾರು?" ಎನ್ನುತ್ತಾರೆ. 1999ರ ರಾಷ್ಟ್ರೀಯ ನ್ಯಾಸ ಕಾಯ್ದೆಯಂತೆ ಜಿಲ್ಲಾಧಿಕಾರಿಗಳಿರುವ ಸ್ಥಳೀಯ ಸಮಿತಿ ಇಂಥವರಿಗೆ ಕಾನೂನಿನ ಪೋಷಕರನ್ನು ನೇಮಿಸಬಹುದು. ಅಲ್ಲಿ ಬುದ್ಧಿಮಾಂದ್ಯತೆ ಹೇಗೆ ಬಂತೆಂಬ ಪ್ರಶ್ನೆಯಿಲ್ಲ. ಮುಖ್ಯವಾಗಿ ಪೋಷಕರಾಗಲು ಒಪ್ಪುವ ಒಬ್ಬರು ಬೇಕು. ತಂಗಿಯೋ, ಚಿಕ್ಕಪ್ಪನ ಮಗನೋ ಆಗಬಹುದು. ಅಪ್ಪ ಅಮ್ಮ ಗಟ್ಟಿ ಇರುವಾಗಲೇ ಅಂಥ ಒಬ್ಬರನ್ನು ಕೂರಿಸಿ ಈ ಮಾತೆತ್ತಿದ ಮನೆ ನನಗೆ ಕಂಡದ್ದು ಅಪರೂಪ.