ನದಿಯ ಕೆಳಗಿನ ದಾರಿ

ನದಿಯನ್ನು ದಾಟುವುದಕ್ಕೆ ಮನುಷ್ಯ ಕಂಡುಕೊಂಡ ಉಪಾಯಗಳು ಮುಖ್ಯವಾಗಿ ಮೂರು. ನೀರಿನ ಮೇಲೆ ತೇಲಿಹೋಗುವುದು ಒಂದು. ಸೇತುವೆ ಕಟ್ಟಿ ನಡೆದುಹೋಗುವುದು ಇನ್ನೊಂದು. ನದಿಯ ತಳದ ನೆಲವನ್ನು ಕೊರೆದು ನುಸುಳಿಹೋಗುವುದು ಮೂರನೆಯದು. ಮೊದಲೆರಡಕ್ಕೆ ನಮ್ಮ ಸಾಹಿತ್ಯದಲ್ಲಿ ಬೇಕಾದಷ್ಟು ಗೌರವ ಸಂದಿದೆ. ಅಂಬಿಗನೂ ಸೇತುವೆಯೂ ಸಂಸಾರಸಾಗರವನ್ನು ದಾಟಿಸುವ ಉಪಮಾನಗಳೇ ಆಗಿಹೋಗಿವೆ. ಮೂರನೆಯ ದಾರಿಗೆ ಆ ಭಾಗ್ಯ ಒದಗಲಿಲ್ಲ. ಸೇತುವೆಯನ್ನು ದೂರದಿಂದ ನೋಡಿ ಮೆಚ್ಚಬಹುದು. ಸುರಂಗವನ್ನು ಯಾರು ನೋಡುತ್ತಾರೆ? ಅದರೊಳಗೆ ಕುಳಿತು ಹೋಗುವವನಿಗೂ ಕಿಟಕಿಯ ಆಚೆಗೆ ಕತ್ತಲೆಯಲ್ಲದೆ ಬೇರೇನೂ ಕಾಣದು. ಹಾಗೆ ಕಾಣದೆ ಉಳಿದ ಒಂದು ದಾರಿಯ ಚರಿತ್ರೆಯನ್ನು ಈ ಹೊತ್ತು ನಿಮ್ಮ ಮುಂದಿಡಬೇಕೆಂದಿದ್ದೇನೆ. ಅದು ಅಮೆರಿಕದ ಹಡ್ಸನ್ ನದಿಯ ತಳದಲ್ಲಿ ೧೯೦೮ರಲ್ಲಿ ಆರಂಭವಾಗಿ ಇಂದಿಗೂ ಓಡುತ್ತಿರುವ ರೈಲಿನ ದಾರಿ.

ಹಡ್ಸನ್ ನದಿಯ ಪೂರ್ವದಡದಲ್ಲಿ ನ್ಯೂಯಾರ್ಕ್ ನಗರದ ಮ್ಯಾನ್‌ಹಟನ್ ದ್ವೀಪವಿದೆ. ಪಶ್ಚಿಮದಡದಲ್ಲಿ ನ್ಯೂಜೆರ್ಸಿ ರಾಜ್ಯದ ಜೆರ್ಸಿ ಸಿಟಿ ಮತ್ತು ಹೊಬೊಕನ್ ಪಟ್ಟಣಗಳಿವೆ. ನಡುವೆ ಸುಮಾರು ಒಂದು ಮೈಲಿ ಅಗಲದ ನೀರು. ಹತ್ತೊಂಬತ್ತನೆಯ ಶತಮಾನದಲ್ಲಿ ಪಶ್ಚಿಮದ ಕಡೆಯಿಂದ ಬರುವ ರೈಲುಗಳೆಲ್ಲ ಈ ದಡದಲ್ಲೇ ನಿಂತುಬಿಡುತ್ತಿದ್ದವು. ಅಲ್ಲಿಂದ ಮುಂದೆ ಉಗಿದೋಣಿಯೇ ಗತಿ. ಬೆಳಿಗ್ಗೆ ಕೆಲಸಕ್ಕೆ ಹೋಗುವ ಗುಮಾಸ್ತ, ಹೊಲಿಗೆಯ ಕಾರ್ಖಾನೆಯ ಹೆಣ್ಣುಮಗಳು, ವ್ಯಾಪಾರಿ, ಎಲ್ಲರೂ ದೋಣಿಗಾಗಿ ಕಾಯಬೇಕು. ಮಂಜು ಕವಿದರೆ ದೋಣಿ ತಡ. ಚಳಿಗಾಲದಲ್ಲಿ ಹಿಮದ ಗಡ್ಡೆಗಳು ತೇಲಿಬಂದರೆ ಇನ್ನೂ ತಡ. ಎದುರಿಗೆ ಕಾಣುವ ಊರು ಕೈಗೆ ಎಟುಕದು. ಹಡಗುಗಳು ಓಡಾಡುವ ಆ ಅಗಲವಾದ ನದಿಗೆ ಸೇತುವೆ ಹಾಕುವುದು ಆ ಕಾಲಕ್ಕೆ ಸುಲಭದ ಮಾತಾಗಿರಲಿಲ್ಲ.

ಕೆಳಗಿನಿಂದ ಹೋಗೋಣ ಎಂದು ಹೊರಟವನು ಡೆವಿಟ್ ಕ್ಲಿಂಟನ್ ಹ್ಯಾಸ್ಕಿನ್. ೧೮೭೪ರಲ್ಲಿ ಜೆರ್ಸಿ ಸಿಟಿಯ ದಡದಲ್ಲಿ ಅವನು ಬಾವಿಯಂಥ ಒಂದು ಗುಂಡಿಯನ್ನು ತೋಡಿಸಿದ. ಒಂದು ರೈಲ್ವೆ ಕಂಪನಿ ನ್ಯಾಯಾಲಯದಲ್ಲಿ ಅಡ್ಡಿ ತಂದದ್ದರಿಂದ ಕೆಲಸ ನಿಂತು, ೧೮೭೯ರಲ್ಲಿ ಮತ್ತೆ ಮೊದಲಾಯಿತು. ಹ್ಯಾಸ್ಕಿನ್ನನ ನಂಬಿಕೆಯೆಲ್ಲ ಗಾಳಿಯ ಮೇಲೆ. ಹಡ್ಸನ್ನಿನ ತಳದಲ್ಲಿರುವುದು ಗಟ್ಟಿ ನೆಲವಲ್ಲ, ಮಜ್ಜಿಗೆಹುಳಿಯ ಹದದ ಹೂಳು. ಸುರಂಗದೊಳಕ್ಕೆ ಗಾಳಿಯನ್ನು ಒತ್ತಿ ತುಂಬಿದರೆ ಆ ಒತ್ತಡವೇ ಹೂಳನ್ನೂ ನೀರನ್ನೂ ತಡೆದು ನಿಲ್ಲಿಸುತ್ತದೆ, ಅಷ್ಟರಲ್ಲಿ ತೆಳುವಾದ ಕಬ್ಬಿಣದ ತಗಡು ಹೊದಿಸಿ ಇಟ್ಟಿಗೆಯ ಗೋಡೆ ಕಟ್ಟಿಬಿಡಬಹುದು ಎಂಬುದು ಅವನ ಲೆಕ್ಕ.

ಲೆಕ್ಕ ಪೂರ್ತಿ ತಪ್ಪಲ್ಲ. ಆದರೆ ಪೂರ್ತಿ ಸರಿಯೂ ಅಲ್ಲ. ನೀರಿನ ಒತ್ತಡ ಆಳಕ್ಕೆ ಹೋದಂತೆ ಹೆಚ್ಚುತ್ತದೆ. ಸುರಂಗದೊಳಗಿನ ಗಾಳಿಯ ಒತ್ತಡವಾದರೋ ಮೇಲೂ ಕೆಳಗೂ ಒಂದೇ. ನೆಲದ ಮಟ್ಟಕ್ಕೆ ಸರಿಯಾಗುವಷ್ಟು ಗಾಳಿ ತುಂಬಿದರೆ ಅದು ಛಾವಣಿಯ ಕಡೆ ಹೆಚ್ಚಾಗಿ, ಹೂಳನ್ನು ಸೀಳಿಕೊಂಡು ನದಿಗೆ ನುಗ್ಗಬಹುದು. ಛಾವಣಿಗೆ ಸರಿಯಾಗಿ ತುಂಬಿದರೆ ಕೆಳಗಿನಿಂದ ನೀರು ಜಿನುಗುತ್ತದೆ. ಈ ಎರಡರ ನಡುವಿನ ಹದವನ್ನು ಹಗಲಿರುಳೂ ಕಾಯಬೇಕು. ಕಾಯುವವರು ಕೆಳಗಿದ್ದ ಕೂಲಿಯಾಳುಗಳೇ.

ಅವರು ಒಳಗೆ ಹೋಗಿ ಹೊರಗೆ ಬರುವ ಬಗೆಯನ್ನು ಸ್ವಲ್ಪ ವಿವರಿಸಬೇಕು. ಒತ್ತಡದ ಗಾಳಿಯಿರುವ ಸುರಂಗಕ್ಕೂ ಹೊರಗಿನ ಲೋಕಕ್ಕೂ ನಡುವೆ ಎರಡು ಬಾಗಿಲುಗಳುಳ್ಳ ಒಂದು ಕಬ್ಬಿಣದ ಕೋಣೆ ಇರುತ್ತದೆ. ಎಂಜಿನಿಯರುಗಳು ಅದನ್ನು ಏರ್‌ಲಾಕ್ ಎನ್ನುತ್ತಾರೆ. ನಾವು ಗಾಳಿಕೋಣೆ ಎನ್ನೋಣ. ಒಂದು ಬಾಗಿಲು ಮುಚ್ಚಿದ ಮೇಲೆಯೇ ಇನ್ನೊಂದನ್ನು ತೆರೆಯಬೇಕು. ಎರಡೂ ಕೂಡಿ ತೆರೆದರೆ ಒಳಗಿನ ಗಾಳಿ ಹೊರಕ್ಕೆ ಹಾರಿ, ಆ ಗಾಳಿ ತಡೆದಿಟ್ಟಿದ್ದ ನದಿ ಒಳಕ್ಕೆ ಬರುತ್ತದೆ.

೧೮೮೦ರ ಜುಲೈ ೨೧ರ ಬೆಳಗಿನ ಜಾವ ಸುರಂಗದಲ್ಲಿ ೨೮ ಜನ ಇದ್ದರು. ಛಾವಣಿಯ ಒಂದು ಕಡೆ ಗಾಳಿ ಸೋರಿ, ತಗಡುಗಳು ಕಳಚಿ, ಹೂಳು ಕುಸಿಯಿತು. ಎಂಟು ಜನ ಗಾಳಿಕೋಣೆಯೊಳಕ್ಕೆ ನುಗ್ಗಿದರು. ಅಷ್ಟರಲ್ಲಿ ಬಿದ್ದ ತಗಡು ಮರಗಳ ಭಾರಕ್ಕೆ ಒಳಬಾಗಿಲು ಸಿಕ್ಕಿಹಾಕಿಕೊಂಡಿತು. ಸುರಂಗದಲ್ಲಿ ಉಳಿದ ಇಪ್ಪತ್ತು ಜನರಿಗೆ ದಾರಿಯಿಲ್ಲ. ಕೋಣೆಯಲ್ಲಿದ್ದ ಎಂಟು ಜನರಿಗೂ ಒಳಗಿನ ಒತ್ತಡದಿಂದ ಹೊರಬಾಗಿಲು ತೆರೆಯದು. ಬಾಗಿಲಿನ ಆಚೆ ಸುರಂಗದಲ್ಲಿ ಇದ್ದವರ ಪೈಕಿ ಪೀಟರ್ ವುಡ್‌ಲ್ಯಾಂಡ್ ಎಂಬ ಮೇಲ್ವಿಚಾರಕನೂ ಒಬ್ಬ. ಹೊರಬಾಗಿಲಿನ ದಪ್ಪ ಗಾಜನ್ನು ಒಡೆಯಿರಿ ಎಂದು ಅವನು ಕೂಗಿ ಹೇಳಿದನೆಂದು ಬದುಕಿ ಬಂದವರು ತಿಳಿಸಿದರು. ಗಾಜು ಒಡೆದರೆ ಕೋಣೆಯ ಗಾಳಿ ಹೋಗಿ ಬಾಗಿಲು ತೆರೆಯುತ್ತದೆ, ಎಂಟು ಜನ ಉಳಿಯುತ್ತಾರೆ. ತನ್ನ ಸುತ್ತಲಿನ ಗಾಳಿಯೂ ಅದರೊಂದಿಗೆ ಹೋಗಿ ನೀರು ಏರುತ್ತದೆ ಎಂಬುದು ಆ ಕೆಲಸದಲ್ಲಿ ಪಳಗಿದ ಅವನಿಗೆ ತಿಳಿಯದ ಸಂಗತಿಯಾಗಿರಲಿಲ್ಲ. ಗಾಜು ಒಡೆಯಿತು. ಎಂಟು ಜನ ಹೊರಬಂದರು. ವುಡ್‌ಲ್ಯಾಂಡನೂ ಸೇರಿ ಇಪ್ಪತ್ತು ಜನ ಅಲ್ಲೇ ಉಳಿದರು. ಅವರ ದೇಹಗಳನ್ನು ಹೊರತೆಗೆಯುವುದಕ್ಕೇ ತಿಂಗಳುಗಳು ಹಿಡಿದವು.

ಕೆಲಸ ಮತ್ತೆ ಸಾಗಿತು. ಆದರೆ ೧೮೮೨ರಲ್ಲಿ ಹ್ಯಾಸ್ಕಿನ್ನನ ಹಣದ ಚೀಲ ಬರಿದಾಯಿತು. ಅರ್ಧ ಕೊರೆದ ಸುರಂಗ ಹಾಗೇ ಬಿದ್ದಿರುವಾಗ, ಇಂಗ್ಲೆಂಡಿನಲ್ಲಿ ಮರ್ಸಿ ನದಿಯ ಕೆಳಗೆ ಲಿವರ್‌ಪೂಲ್ ಮತ್ತು ಬರ್ಕನ್‌ಹೆಡ್ ಪಟ್ಟಣಗಳನ್ನು ಕೂಡಿಸುವ ರೈಲು ೧೮೮೬ರಲ್ಲಿ ಓಡಲಾರಂಭಿಸಿತು. ಹಡ್ಸನ್ನಿಗೂ ನೆರವು ಇಂಗ್ಲೆಂಡಿನಿಂದಲೇ ಬಂತು. ೧೮೮೯ರಲ್ಲಿ ಪಿಯರ್‌ಸನ್ ಕಂಪನಿ ಕೆಲಸವನ್ನು ವಹಿಸಿಕೊಂಡು, ಜೊತೆಗೆ ಒಂದು ಗುರಾಣಿಯನ್ನೂ ತಂದಿತು. ಗುರಾಣಿಯೆಂದರೆ ಸುರಂಗದಷ್ಟೇ ಅಗಲದ ಒಂದು ಕಬ್ಬಿಣದ ಕೊಳವೆ. ಅದನ್ನು ಜಾಕಿಗಳಿಂದ ಮುಂದಕ್ಕೆ ತಳ್ಳುತ್ತ, ಅದರ ಆಸರೆಯಲ್ಲಿ ಮಣ್ಣು ತೆಗೆದು, ಹಿಂದೆ ಎರಕದ ಕಬ್ಬಿಣದ ಬಳೆಗಳನ್ನು ಜೋಡಿಸುತ್ತ ಹೋಗುವುದು. ಹಡಗಿನ ಮರವನ್ನು ಕೊರೆಯುವ ಹುಳುವಿನಿಂದ ಈ ವಿದ್ಯೆಯನ್ನು ಕಲಿತೆನೆಂದು ಹೇಳಿದವನು ಮಾರ್ಕ್ ಬ್ರುನೆಲ್. ೧೮೪೩ರಲ್ಲಿ ತೆರೆದ ಲಂಡನ್ನಿನ ಥೇಮ್ಸ್ ಸುರಂಗ ಅವನದು.

ಇಂಗ್ಲಿಷರು ತಂದ ಇನ್ನೊಂದು ವಸ್ತು ಗುರಾಣಿಗಿಂತಲೂ ದೊಡ್ಡದೆಂದು ನನ್ನ ಭಾವನೆ. ಒತ್ತಡದ ಗಾಳಿಯಲ್ಲಿ ದುಡಿದು ಹೊರಬಂದವರಿಗೆ ಕೀಲುಗಳಲ್ಲಿ ತಡೆಯಲಾರದ ನೋವು ಬರುತ್ತಿತ್ತು, ಕೆಲವರಿಗೆ ಲಕ್ವ ಹೊಡೆಯುತ್ತಿತ್ತು, ಕೆಲವರು ಸಾಯುತ್ತಿದ್ದರು. ಕಾರಣ ಇಷ್ಟೆ: ಒತ್ತಡದಲ್ಲಿ ಗಾಳಿಯ ನೈಟ್ರೋಜನ್ ರಕ್ತದಲ್ಲಿ ಕರಗುತ್ತದೆ. ಒತ್ತಡ ತಟ್ಟನೆ ಇಳಿದರೆ, ಗೋಲಿ ಸೋಡಾದ ಗೋಲಿಯನ್ನು ಒತ್ತಿದಾಗ ಗುಳ್ಳೆಗಳು ಏಳುವಂತೆ, ರಕ್ತದಲ್ಲೇ ಗುಳ್ಳೆಗಳು ಏಳುತ್ತವೆ. ಅರ್ನೆಸ್ಟ್ ಮೊಯಿರ್ ಎಂಬ ಎಂಜಿನಿಯರ್ ಬಂದಾಗ, ಕೆಲಸದಲ್ಲಿದ್ದ ನಲವತ್ತೈದು ಐವತ್ತು ಜನರಲ್ಲಿ ತಿಂಗಳಿಗೊಬ್ಬನಂತೆ ಸಾಯುತ್ತಿದ್ದರೆಂದು ಅವನೇ ಹೇಳಿದ್ದಾನೆ. ಅಂದರೆ ವರ್ಷಕ್ಕೆ ನಾಲ್ವರಲ್ಲಿ ಒಬ್ಬ. ಮೊಯಿರ್ ದಡದ ಮೇಲೆ ಇನ್ನೊಂದು ಗಾಳಿಕೋಣೆಯನ್ನು ಹಾಕಿಸಿದ. ನೋವು ಬಂದವನನ್ನು ಅದರಲ್ಲಿ ಮಲಗಿಸಿ, ಒತ್ತಡವನ್ನು ಮತ್ತೆ ಏರಿಸಿ, ಆಮೇಲೆ ಮೆಲ್ಲಮೆಲ್ಲನೆ ಇಳಿಸುವುದು. ಮುಂದಿನ ಹದಿನೈದು ತಿಂಗಳಲ್ಲಿ ೧೨೦ ಜನರ ಪೈಕಿ ಸತ್ತವರು ಇಬ್ಬರು. ಇಂದಿಗೂ ಮುಳುಗುಗಾರರಿಗೆ ಆ ಬೇನೆ ಬಂದರೆ ವೈದ್ಯರು ಅನುಸರಿಸುವ ಕ್ರಮ ಇದೇ. ಸುರಂಗವೊಂದು ಲೋಕಕ್ಕೆ ಕೊಟ್ಟದ್ದು ಬರಿಯ ದಾರಿಯಷ್ಟೇ ಅಲ್ಲ ಎಂಬುದಕ್ಕೆ ಇದು ಸಾಕ್ಷಿ.

ಆದರೂ ೧೮೯೧ರಲ್ಲಿ ಹಣ ಮತ್ತೆ ಮುಗಿಯಿತು. ಉತ್ತರದ ಕೊಳವೆ ಮೂರರಲ್ಲಿ ಎರಡು ಪಾಲು ಆಗಿತ್ತು. ನೀರು ತುಂಬಿಕೊಂಡು ಹತ್ತು ವರ್ಷ ಬಿದ್ದಿತ್ತು. ಅದನ್ನು ಮತ್ತೆ ಎತ್ತಿಕೊಂಡವನು ವಿಲಿಯಂ ಗಿಬ್ಸ್ ಮ್ಯಾಕ್‌ಅಡೂ. ಇವನು ವಕೀಲ, ನಾಕ್ಸ್‌ವಿಲ್ ಎಂಬ ಊರಿನಲ್ಲಿ ಟ್ರಾಮ್ ಗಾಡಿಗಳಿಗೆ ವಿದ್ಯುತ್ತು ತರಲು ಹೋಗಿ ಕೈಸುಟ್ಟುಕೊಂಡು ೧೮೯೨ರಲ್ಲಿ ನ್ಯೂಯಾರ್ಕಿಗೆ ಬಂದವನು. ಅವನಿಗೆ ದೊರೆತ ಎಂಜಿನಿಯರ್ ಚಾರ್ಲ್ಸ್ ಜೇಕಬ್ಸ್. ಮ್ಯಾನ್‌ಹಟನ್ ದಡದ ಬಳಿ ಒಂದು ಕಡೆ ಕೆಳಗೆ ಬಂಡೆ, ಮೇಲೆ ಹೂಳು. ಬಂಡೆಯನ್ನು ಸಿಡಿಸಬೇಕು, ಹೂಳು ಬೀಳಬಾರದು. ಜೇಕಬ್ಸ್ ಸೀಮೆಎಣ್ಣೆಯ ಜ್ವಾಲೆಯನ್ನು ಊದಿ ಆ ಹೂಳನ್ನು ಸುಟ್ಟು ಗಟ್ಟಿಮಾಡಿಸಿದ. ನದಿಯ ಹೊಟ್ಟೆಯಲ್ಲಿ ಇಟ್ಟಿಗೆಯ ಗೂಡು! ೧೯೦೪ರ ಮಾರ್ಚ್ ತಿಂಗಳಲ್ಲಿ ಎರಡು ಕಡೆಯ ಸುರಂಗಗಳು ಕೂಡಿದವು. ಹ್ಯಾಸ್ಕಿನ್ನನ ಗುಂಡಿ ತೋಡಿ ಆಗಲೇ ಮೂವತ್ತು ವರ್ಷ.

೧೯೦೮ರ ಫೆಬ್ರವರಿ ೨೫ರಂದು ಅಧ್ಯಕ್ಷ ಥಿಯೊಡರ್ ರೂಸ್‌ವೆಲ್ಟ್ ವಾಷಿಂಗ್‌ಟನ್ನಿನಿಂದ ಗುಂಡಿಯೊತ್ತಿ ವಿದ್ಯುತ್ತು ಹರಿಸಿದರು, ರೈಲು ಹೊರಟಿತು. ಮರುವರ್ಷ ದಕ್ಷಿಣಕ್ಕೆ ಇನ್ನೊಂದು ಜೋಡಿ ಕೊಳವೆ ತೆರೆಯಿತು. ಅದರ ಮ್ಯಾನ್‌ಹಟನ್ ನಿಲ್ದಾಣದ ಮೇಲೆ ೨೨ ಅಂತಸ್ತಿನ ಎರಡು ಕಟ್ಟಡಗಳು ಎದ್ದವು. ೧೯೧೧ರಲ್ಲಿ ರೈಲು ನ್ಯೂವಾರ್ಕ್ ನಗರವನ್ನು ಮುಟ್ಟಿತು. ಪ್ರಯಾಣಿಕರು ಹಾಳಾಗಿಹೋಗಲಿ ಎಂದು ಹಿಂದಿನ ರೈಲ್ವೆ ಧಣಿಯೊಬ್ಬನು ಅಂದಿದ್ದನೆಂಬ ಮಾತು ಆ ದೇಶದಲ್ಲಿ ಪ್ರಸಿದ್ಧ; ಮ್ಯಾಕ್‌ಅಡೂ ಅದನ್ನು ತಿರುಗಿಸಿ, ಪ್ರಯಾಣಿಕರು ಸಂತೋಷವಾಗಿರಲಿ ಎಂಬುದನ್ನೇ ತನ್ನ ಕಂಪನಿಯ ಘೋಷಣೆ ಮಾಡಿಕೊಂಡ. ಮುಂದೆ ಅವನು ದೇಶದ ಹಣಕಾಸಿನ ಕಾರ್ಯದರ್ಶಿಯೂ ಆದ.

೧೯೨೭ರಲ್ಲಿ ಈ ರೈಲು ೧೧ ಕೋಟಿ ೩೦ ಲಕ್ಷ ಪ್ರಯಾಣಗಳನ್ನು ಕಂಡಿತು. ಅದೇ ವರ್ಷ ನವೆಂಬರಿನಲ್ಲಿ ಅದೇ ನದಿಯ ಕೆಳಗೆ ಮೋಟಾರುಗಳಿಗಾಗಿ ಹಾಲೆಂಡ್ ಸುರಂಗ ತೆರೆಯಿತು. ಅಲ್ಲಿಂದ ಇಳಿಗಾಲ. ೧೯೫೪ರಲ್ಲಿ ಕಂಪನಿ ದಿವಾಳಿಯೆದ್ದಿತು. ೧೯೬೨ರಲ್ಲಿ ಎರಡು ರಾಜ್ಯಗಳ ಜಂಟಿ ಬಂದರು ಪ್ರಾಧಿಕಾರ ಅದನ್ನು ಕೊಂಡು ಪಾತ್ ಎಂಬ ಹೊಸ ಹೆಸರಿಟ್ಟಿತು. ಹಳೆಯ ಜೋಡಿ ಕಟ್ಟಡಗಳಿದ್ದ ಆವರಣದಲ್ಲೇ ವಿಶ್ವ ವ್ಯಾಪಾರ ಕೇಂದ್ರದ ಗೋಪುರಗಳು ಎದ್ದವು. ೨೦೦೧ರ ಸೆಪ್ಟೆಂಬರ್ ೧೧ರಂದು ಅವು ಉರುಳಿದಾಗ ಕೆಳಗಿದ್ದ ನಿಲ್ದಾಣ ನಾಶವಾಯಿತು. ಎರಡು ವರ್ಷದ ಮೇಲೆ ರೈಲು ಮತ್ತೆ ಅಲ್ಲಿಗೆ ಬಂತು. ೨೦೧೨ರ ಸ್ಯಾಂಡಿ ಚಂಡಮಾರುತದಲ್ಲಿ ನದಿಯೇ ಮೇಲಿನ ದಾರಿಯಿಂದ ಸುರಂಗದೊಳಕ್ಕೆ ಇಳಿಯಿತು. ಅದನ್ನೂ ತಾಳಿಕೊಂಡು ದಾರಿ ಉಳಿದಿದೆ.

ಜೆರ್ಸಿ ಸಿಟಿಯ ಜರ್ನಲ್ ಸ್ಕ್ವೇರ್ ನಿಲ್ದಾಣದ ಸುತ್ತ ಇಂದು ಭಾರತೀಯರ ಅಂಗಡಿಗಳ ಸಾಲೇ ಇದೆ. ನ್ಯೂಜೆರ್ಸಿಯಲ್ಲಿ ನೆಲೆಸಿದ ನಮ್ಮವರಲ್ಲಿ ಈ ರೈಲು ಹತ್ತಿ ಕೆಲಸಕ್ಕೆ ಹೋಗುವವರೂ ಇದ್ದಾರೆ. ನದಿ ದಾಟುವುದು ಅವರಿಗೆ ಕೆಲವೇ ನಿಮಿಷಗಳ ಮಾತು.

ನಮ್ಮ ದೇಶದಲ್ಲೂ ಇಂಥ ದಾರಿ ಈಗ ಆಗಿದೆ. ಹೂಗ್ಲಿ ನದಿಯ ಎರಡು ದಡದ ಅವಳಿ ನಗರಗಳಾದ ಹೌರಾ ಮತ್ತು ಕಲ್ಕತ್ತೆಗಳ ನಡುವೆ ೨೦೨೪ರ ಮಾರ್ಚ್ ತಿಂಗಳಲ್ಲಿ ಮೆಟ್ರೋ ರೈಲು ಆರಂಭವಾಯಿತು. ನೀರಿನ ಕೆಳಗಿನ ೫೨೦ ಮೀಟರ್ ದೂರವನ್ನು ಅದು ಮುಕ್ಕಾಲು ನಿಮಿಷದಲ್ಲಿ ದಾಟುತ್ತದೆ. ಹಡ್ಸನ್ನಿನಲ್ಲಿ ಆಳುಗಳ ಮೈಮೇಲೆ ಹೇರಿದ್ದ ಒತ್ತಡವನ್ನು ಇಲ್ಲಿ ಕೊರೆಯುವ ಯಂತ್ರವೇ ತನ್ನ ಮುಖದಲ್ಲಿ ಹೊತ್ತಿತು. ಹಿಂದೆ ನಿಂತು ದುಡಿದವರು ಉಸಿರಾಡಿದ್ದು ನಾವು ನೀವು ಉಸಿರಾಡುವ ಗಾಳಿಯನ್ನೇ. ಇದು ಸಾಮಾನ್ಯ ಮುನ್ನಡೆಯಲ್ಲ. ಹಾಗೆಂದು ನೆಲ ತನ್ನ ಹಟ ಬಿಟ್ಟಿತೆಂದೂ ಅಲ್ಲ. ಅದೇ ಮಾರ್ಗದ ಕೆಲಸದಲ್ಲಿ, ನದಿಯನ್ನು ಸುರಕ್ಷಿತವಾಗಿ ದಾಟಿದ ಮೇಲೆ, ೨೦೧೯ರಲ್ಲಿ ಬೌಬಜಾರಿನ ಕೆಳಗೆ ಅಂತರ್ಜಲ ನುಗ್ಗಿ ಮೇಲಿನ ಹಳೆಯ ಮನೆಗಳು ಬಿರುಕು ಬಿಟ್ಟು ಕುಸಿದವು. ಎಷ್ಟೋ ಸಂಸಾರಗಳು ಮನೆ ಬಿಟ್ಟು ಹೊರಡಬೇಕಾಯಿತು.

ದಾರಿಯೊಂದು ಎಷ್ಟು ಸುಗಮವಾದರೆ ಅದನ್ನು ಮಾಡಿದವರನ್ನು ನಾವು ಅಷ್ಟು ಬೇಗ ಮರೆಯುತ್ತೇವೆ. ಇದರಲ್ಲಿ ಪ್ರಯಾಣಿಕನ ತಪ್ಪೇನೂ ಇಲ್ಲ. ನಿಶ್ಚಿಂತೆಯಿಂದ ಪತ್ರಿಕೆ ಓದುತ್ತ ನದಿ ದಾಟಲಿ ಎಂದೇ ಅಲ್ಲವೆ ಅವರು ದುಡಿದದ್ದು? ಹ್ಯಾಸ್ಕಿನ್, ಮ್ಯಾಕ್‌ಅಡೂ, ಜೇಕಬ್ಸ್ ಇವರ ಹೆಸರುಗಳು ಚರಿತ್ರೆಯಲ್ಲಿ ಉಳಿದಿವೆ, ಉಳಿಯಬೇಕಾದವೇ. ಆದರೆ ಹೊಸದೊಂದು ಸುರಂಗ ತೆರೆದ ಸುದ್ದಿ ಬಂದಾಗ, ಎಷ್ಟು ನಿಮಿಷ ಉಳಿಯಿತು ಎಂಬ ಪ್ರಶ್ನೆಗೆ ಮೊದಲು, ಕೆಳಗೆ ಇಳಿದವರೆಲ್ಲ ಮೇಲೆ ಬಂದರೆ ಎಂದು ಕೇಳುವ ಅಭ್ಯಾಸವನ್ನು ನಾವು ಮಾಡಿಕೊಳ್ಳಬೇಕು. ಗಾಜನ್ನು ಒಡೆಯಿರಿ ಎಂದು ಕೂಗಿದವನಿಗೂ, ಹೆಸರು ಯಾರಿಗೂ ನೆನಪಿಲ್ಲದ ಅವನ ಜೊತೆಯವರಿಗೂ ನಾವು ಸಲ್ಲಿಸಬಹುದಾದ ಋಣ ಅಷ್ಟೇ.