ಯಾರ ಪೈಕಿರೀ?



ಗೋಕಾಕದ ಬಸ್‌ಸ್ಟ್ಯಾಂಡಿನಲ್ಲಿ ಗುರುತಿಲ್ಲದ ಇಬ್ಬರು ಹಿರಿಯರು ಒಂದೇ ಕಟ್ಟೆಯ ಮೇಲೆ ಕುಳಿತರೆ ಮಾತು ಸುರುವಾಗಲು ಬಹಳ ಹೊತ್ತು ಬೇಕಾಗುವುದಿಲ್ಲ. ಮೊದಲು ಊರು ಕೇಳುತ್ತಾರೆ. ಆಮೇಲೆ "ಅಡ್ಡಹೆಸರ ಏನ್ರೀ?" ಎನ್ನುತ್ತಾರೆ. ಪಾಟೀಲ ಅಂದರೆ ಅಷ್ಟಕ್ಕೇ ಬಿಡುವುದಿಲ್ಲ. "ಯಾವ ಪಾಟೀಲರ ಪೈಕಿರೀ? ಮ್ಯಾಲಿನ ಓಣಿಯವರೋ, ಅಗಸಿ ಕಡೆಯವರೋ?" ಬಸ್ಸು ಬರುವಷ್ಟರಲ್ಲಿ ಒಬ್ಬರ ಸೊಸೆಯ ತವರು ಇನ್ನೊಬ್ಬರ ಬೀಗರ ಊರೆಂದು ಗೊತ್ತಾಗಿರುತ್ತದೆ.

ಮೈಸೂರು ಸೀಮೆಯಲ್ಲಿ ಊರೂ ಅಪ್ಪನ ಹೆಸರೂ ಒಂದೊಂದು ಅಕ್ಷರವಾಗಿ ಹೆಸರಿನ ಮುಂದೆ ಕೂರುತ್ತವೆ. ಬೆಳಗಾವಿ ಸೀಮೆಯ ಗೋಕಾಕ, ಮೂಡಲಗಿ, ಹುಕ್ಕೇರಿಗಳಲ್ಲಿ ಹಾಗಲ್ಲ. ತನ್ನ ಹೆಸರು, ತಂದೆಯ ಹೆಸರು, ಮನೆತನದ ಹೆಸರು ಎಂದು ಮೂರನ್ನೂ ಬಿಡಿಸಿ ಹೇಳಬೇಕು. ಈ ಸೀಮೆ ಹಿಂದೆ ಸೇರಿದ್ದ ಮುಂಬಯಿ ಪ್ರಾಂತದ ಕಾಗದಪತ್ರಗಳು ಕಲಿಸಿದ ಕ್ರಮ ಇದು. ಆದರೆ ಮೂರನೆಯ ಆ ಹೆಸರಿನ ಬೇರು ಮುಂಬಯಿ ಸರಕಾರಕ್ಕಿಂತ ಬಹಳ ಹಿಂದಕ್ಕೆ, ಕಲ್ಲಿನ ಶಾಸನಗಳ ಕಾಲಕ್ಕೆ ಹೋಗುತ್ತದೆ.

ಗೋಕಾಕ ಜಲಪಾತದ ಹತ್ತಿರ ಕೊಣ್ಣೂರು ಇದೆ. ಶಾಸನಗಳಲ್ಲಿ ಅದು ಕೊಂಡನೂರು. ಸವದತ್ತಿಯ ರಟ್ಟರು ಕೂಂಡಿ ಮೂರುಸಾವಿರ ನಾಡನ್ನು ಆಳುತ್ತಿದ್ದಾಗ, 1087ರ ಒಂದು ಶಾಸನ ಈ ಊರಿನ ನಿಧಿಯಮ ಗಾಮುಂಡ ಎಂಬವನನ್ನು ಹೆಸರಿಸುತ್ತದೆ. ಊರಲ್ಲಿ ಬಸದಿ ಕಟ್ಟಿಸಿದವನು ಅವನು. ನಿಧಿಯಮ ಎಂಬುದು ಅವನ ಹೆಸರು, ಗಾಮುಂಡ ಎಂಬುದು ಅವನ ಹುದ್ದೆ. ಊರಿನ ಮುಖ್ಯಸ್ಥ, ಭೂಮಿಯ ಒಡೆಯ, ಅರಸನಿಗೂ ಒಕ್ಕಲಿಗೂ ನಡುವಿನ ಮನುಷ್ಯ. ಗಾಮುಂಡ, ಗಾವುಂಡ, ಗವುಡ ಎಂದು ಸವೆಯುತ್ತ ಬಂದ ಆ ಮಾತೇ ಇಂದಿನ ಗೌಡ.

ಹುದ್ದೆ ಹೆಸರಾಗುವುದು ಹೇಗೆಂಬುದು ಇಲ್ಲಿ ಕಣ್ಣಿಗೆ ಕಾಣುತ್ತದೆ. ಅಪ್ಪ ಗಾವುಂಡನಾಗಿದ್ದರೆ ಮಗನೂ ಗಾವುಂಡ. ಎರಡು ಮೂರು ತಲೆಮಾರು ಕಳೆಯುವಷ್ಟರಲ್ಲಿ ಅದು ಹೆಸರಿನ ಹಿಂದೆ ನಿಂತ ಬಿರುದಾಗಿ ಉಳಿಯದೆ ಹೆಸರಿನೊಳಗೇ ಸೇರಿಕೊಂಡಿತು. ಬಸನಗೌಡ, ಶಿವನಗೌಡ, ಲಖಮಗೌಡ. ತೊಟ್ಟಿಲಲ್ಲಿ ಹಾಕಿ ಹೆಸರಿಡುವಾಗಲೇ ಕೂಸು ಗೌಡನಾಗಿರುತ್ತಿತ್ತು.

ಇಂಗ್ಲೆಂಡಿನಲ್ಲೂ ಇಂಥದೇ ಒಂದು ಕಥೆ ಅದೇ ಶತಮಾನದಲ್ಲಿ ಸುರುವಾಗಿತ್ತು. 1066ರಲ್ಲಿ ನಾರ್ಮನ್ನರು ಆ ನಾಡನ್ನು ಗೆದ್ದರು. ಕೊಣ್ಣೂರಿನ ಶಾಸನಕ್ಕೆ ಒಂದೇ ವರ್ಷ ಮೊದಲು, 1086ರಲ್ಲಿ, ಅವರ ಅರಸ ವಿಲಿಯಂ ದೇಶದ ಭೂಮಿಯನ್ನೆಲ್ಲ ಲೆಕ್ಕ ಹಾಕಿಸಿ ಡೂಮ್ಸ್‌ಡೇ ಎಂಬ ದಫ್ತರ ಬರೆಸಿದ. ಯಾವ ಊರು ಯಾರದು ಎಂದು ಬರೆಯುತ್ತ ಹೋದಂತೆ ಊರಿನ ಹೆಸರು ಒಡೆಯನ ಹೆಸರಿಗೆ ಅಂಟಿಕೊಂಡಿತು. ಭೂಮಿ ತಂದೆಯಿಂದ ಮಗನಿಗೆ ಹೋದಾಗ ಹೆಸರೂ ಹೋಯಿತು. ಸಾಮಾನ್ಯ ಜನರಿಗೆ ಅಡ್ಡಹೆಸರು ಗಟ್ಟಿಯಾದದ್ದು ಇನ್ನೂ ತಡವಾಗಿ. 1377ರಿಂದ 1381ರವರೆಗೆ ಮೂರು ಸಲ ತಲೆಗಂದಾಯ ಎತ್ತಿದಾಗ ಒಂದೇ ಊರಿನ ಹತ್ತಾರು ಜಾನ್‌ಗಳನ್ನು ಬೇರೆ ಬೇರೆಯಾಗಿ ಬರೆದುಕೊಳ್ಳಬೇಕಿತ್ತು. ಕಂಬಾರ ಜಾನ್ ಸ್ಮಿತ್ ಆದ, ಜಾನ್‌ನ ಮಗ ಜಾನ್‌ಸನ್ ಆದ, ಊರಿನ ಕಾರಭಾರಿಯಾಗಿದ್ದವನು ರೀವ್ ಆದ. ಅರಮನೆಯ ಮೇಲ್ವಿಚಾರಣೆ ವಂಶಪಾರಂಪರ್ಯವಾಗಿ ನಡೆಸುತ್ತಿದ್ದ ಸ್ಟುವರ್ಟ್ ಮನೆತನದವರಂತೂ 1371ರಲ್ಲಿ ಸ್ಕಾಟ್ಲೆಂಡಿನ ಅರಸರೇ ಆದರು, ಆದರೂ ಚಾಕರಿಯ ಹೆಸರನ್ನು ಬಿಡಲಿಲ್ಲ. 1413ರಲ್ಲಿ ಬಂದ ಒಂದು ಕಾನೂನಿನಂತೆ ಕೋರ್ಟಿನ ಕಾಗದದಲ್ಲಿ ಪ್ರತಿವಾದಿಯ ಹೆಸರಿನ ಜೊತೆ ಅವನ ಅಂತಸ್ತು ಇಲ್ಲವೆ ಕಸುಬು, ಅವನ ಊರು ಎಲ್ಲವನ್ನೂ ಬರೆಯಬೇಕಾಯಿತು. ಜಂಟಲ್‌ಮನ್ ಎಂಬ ಮಾತು ಅಂತಸ್ತಿನ ಗುರುತಾಗಿ ಕಾಗದಕ್ಕೆ ಇಳಿದದ್ದು ಆಗ.

ಬೆಳಗಾವಿ ಸೀಮೆಯ ಜಂಟಲ್‌ಮನ್‌ಗಳು ಯಾರು? ದೇಸಾಯರು, ದೇಶಪಾಂಡೆಯವರು, ಪಾಟೀಲರು, ಕುಲಕರ್ಣಿಯವರು. ಊರಿಗೆ ಒಬ್ಬ ಗೌಡ, ಅಂದರೆ ಪಾಟೀಲ, ಒಬ್ಬ ಕುಲಕರ್ಣಿ. ಹಲವು ಊರು ಕೂಡಿದ ಪರಗಣೆಗೆ ಒಬ್ಬ ದೇಸಾಯಿ, ಲೆಕ್ಕಕ್ಕೆ ಒಬ್ಬ ದೇಶಪಾಂಡೆ. ಕರಣ ಅಂದರೆ ಲೆಕ್ಕ ಬರೆಯುವವನು, ಕುಳ ಅಂದರೆ ಕಂದಾಯ ಕೊಡುವ ಒಕ್ಕಲು. ಕುಳವಾರು ಲೆಕ್ಕ ಇಟ್ಟವನ ಮನೆತನ ಕುಲಕರ್ಣಿ ಆಯಿತು. ಬಿಜಾಪುರದ ಆದಿಲಶಾಹಿಗಳು ಬಂದಾಗ ಫಾರಸಿಯ ಬಾಲ ಹೊತ್ತ ಹೆಸರುಗಳು ಬಂದವು. ಇನಾಮದಾರ, ಜಹಗೀರದಾರ, ಕಿಲ್ಲೇದಾರ, ಪೋತದಾರ. ಆ ಕಾಲದ ಗುಮ್ಮಟಗಳು ಹುಕ್ಕೇರಿಯಲ್ಲಿ ಇಂದಿಗೂ ನಿಂತಿವೆ, ಆ ಹೆಸರುಗಳು ಮತದಾರರ ಪಟ್ಟಿಯಲ್ಲಿ ಇಂದಿಗೂ ಇವೆ. ಪಾಟೀಲಿಕೆಗೆ ಒಂದೇ ಜಾತಿಯ ಕಟ್ಟು ಇರಲಿಲ್ಲವಾದ್ದರಿಂದ ಲಿಂಗಾಯತರಲ್ಲಿ, ಜೈನರಲ್ಲಿ, ಮರಾಠರಲ್ಲಿ, ಮುಸಲ್ಮಾನರಲ್ಲಿ ಎಲ್ಲ ಕಡೆಗೂ ಪಾಟೀಲರಿದ್ದಾರೆ.

ಒಂದೇ ಹೆಸರಿನಲ್ಲಿ ಈ ಚರಿತ್ರೆಯನ್ನೆಲ್ಲ ನೋಡಬೇಕೆಂದರೆ ಹುಕ್ಕೇರಿ ತಾಲೂಕಿನ ಹಿಡಕಲ್ ಡ್ಯಾಮಿಗೆ ಹೋಗಬೇಕು. ಘಟಪ್ರಭೆಗೆ ಅಡ್ಡಲಾಗಿ ಕಟ್ಟಿದ, 51 ಟಿಎಂಸಿ ನೀರು ಹಿಡಿಯುವ ಆ ಜಲಾಶಯಕ್ಕೆ ವಂಟಮುರಿಯ ರಾಜಾ ಲಖಮಗೌಡ ಸರದೇಸಾಯಿಯವರ ಹೆಸರಿದೆ. ಬೆಳಗಾವಿಯ ಕಾನೂನು ಕಾಲೇಜಿಗೂ ಅವರದೇ ಹೆಸರು. ಬಿಡಿಸಿ ನೋಡಿದರೆ, ರಾಜಾ ಎಂಬುದು ಗೌರವದ ಪದವಿ. ಗೌಡ ಎಂಬುದು ನಿಧಿಯಮನ ಕಾಲದ ಹಳೆಯ ಹುದ್ದೆ. ಸರ ಎಂಬುದು ಫಾರಸಿ, ಮುಖ್ಯ ಎಂಬ ಅರ್ಥ. ದೇಸಾಯಿ ಎಂಬುದು ಪರಗಣೆಯ ಅಧಿಕಾರ. ಶತಮಾನಗಳ ಆಳಿಕೆಯೆಲ್ಲ ಒಬ್ಬರ ಸಹಿಯಲ್ಲಿ ಕೂಡಿದೆ.

ಗೌಡರ ವಾಡೆಯ ಹೊರಗಿನ ಹೆಸರುಗಳು ಇದಕ್ಕಿಂತ ಚೆಂದ. ಸುಗ್ಗಿಯ ಕಣದಲ್ಲಿ ಜೋಳದ ರಾಶಿಯಾದಾಗ ಒಕ್ಕಲಿಗ ತನ್ನ ಚೀಲ ತುಂಬುವ ಮೊದಲು ಆಯ ಕೊಡಬೇಕಿತ್ತು. ಕೂರಿಗೆ ಕುಂಟೆ ಮಾಡಿಕೊಟ್ಟ ಬಡಿಗೇರನಿಗೆ ಇಷ್ಟು, ನೇಗಿಲ ಕುಳ ಹಣಿದುಕೊಟ್ಟ ಕಂಬಾರನಿಗೆ ಇಷ್ಟು, ಗಡಿಗೆ ಕೊಟ್ಟ ಕುಂಬಾರನಿಗೆ, ಹೂವು ಪತ್ರಿ ತಂದ ಹೂಗಾರನಿಗೆ, ರಾತ್ರಿ ಊರು ಕಾಯ್ದ ತಳವಾರನಿಗೆ ಇಷ್ಟು. ಕಣದ ಸುತ್ತ ಬುಟ್ಟಿ ಹಿಡಿದು ನಿಂತವರನ್ನು ಕಸುಬಿನಿಂದಲೇ ಕೂಗುತ್ತಿದ್ದರು, ಕೂಗಿದ್ದೇ ಹೆಸರಾಯಿತು. ಹುಕ್ಕೇರಿ ತಾಲೂಕಿನ ಘೋಡಗೇರಿಯಲ್ಲಿ 1937ರಲ್ಲಿ ಅಂಥ ಒಂದು ಕಂಬಾರರ ಮನೆಯಲ್ಲಿ ಹುಟ್ಟಿದ ಹುಡುಗ 2010ರ ಸಾಲಿನ ಜ್ಞಾನಪೀಠ ಪಡೆದ ಚಂದ್ರಶೇಖರ ಕಂಬಾರರು. ಕುಲುಮೆಯ ಹೆಸರು ಸಾಹಿತ್ಯದ ಚರಿತ್ರೆಯಲ್ಲಿ ಹಾಗೇ ನಿಂತಿದೆ.

ಮನೆಯ ನೆಲೆಯಿಂದಲೂ ಹೆಸರು ಹುಟ್ಟುತ್ತವೆ. ಹೊಸಮನಿ, ದೊಡ್ಡಮನಿ, ಬಾವಿಕಟ್ಟಿ, ಬೇವಿನಗಿಡದ. ವ್ಯಾಪಾರದಿಂದ ಬೆಲ್ಲದ, ಉಳ್ಳಾಗಡ್ಡಿ, ಮೆಣಸಿನಕಾಯಿ. ಕುಲದವರು ನ್ಯಾಯಕ್ಕೆ ಕೂಡುವ ಮನೆಗೆ ಕನ್ನಡದಲ್ಲಿ ಕಟ್ಟೆಮನೆ ಎನ್ನುತ್ತಾರೆ, ಗೋಕಾಕ ತಾಲೂಕಿನಲ್ಲಿ ಹುಟ್ಟಿದ ಕಾದಂಬರಿಕಾರ ಬಸವರಾಜ ಕಟ್ಟೀಮನಿಯವರ ಹೆಸರಿನಲ್ಲಿ ಆ ಮಾತು ಕೇಳಿಸುತ್ತದೆ. ಅಜ್ಜನ ಹೆಸರಿಗೆ ಅವರ ಎಂದು ಸೇರಿಸಿ ಸಿದ್ದಪ್ಪನವರ, ಬಸಪ್ಪನವರ ಎಂದು ಕರೆಯುವುದು ಜಾನ್‌ಸನ್‌ನ ಕನ್ನಡ ರೂಪವೇ. ಆದರೆ ಇಂಗ್ಲಿಷಿನದು ಒಬ್ಬ ಮಗನ ಲೆಕ್ಕ, ಕನ್ನಡದ್ದು ಇಡೀ ಮನೆಯ ಲೆಕ್ಕ.

ಇನ್ನು ಊರಿನ ಹೆಸರು. ಗೋಕಾಕದಲ್ಲೇ ಇರುವವರನ್ನು ಗೋಕಾಕ ಎಂದು ಕರೆದರೆ ಗುರುತು ಹತ್ತುವುದಿಲ್ಲ, ಅಲ್ಲಿ ಎಲ್ಲರೂ ಗೋಕಾಕದವರೇ. ಬೇರೆ ಊರಿಗೆ ಹೋದ ಮೇಲೆ ಅಲ್ಲಿಯ ನೆರೆಹೊರೆಯವರು ಕೊಡುವ ಹೆಸರು ಅದು. ಕವಿ ವಿನಾಯಕ ಕೃಷ್ಣ ಗೋಕಾಕರು 1909ರಲ್ಲಿ ಹುಟ್ಟಿದ್ದು ಸವಣೂರಿನಲ್ಲಿ. ಶಾಲೆಗಳಲ್ಲಿ ಕನ್ನಡದ ಸ್ಥಾನದ ಬಗ್ಗೆ ಅವರು ಕೊಟ್ಟ ವರದಿಯಿಂದ 1982ರಲ್ಲಿ ನಾಡೆಲ್ಲ ಗೋಕಾಕ ಚಳವಳಿ ಎಂದಿತು, ಘಟಪ್ರಭೆಯ ದಂಡೆಯ ಊರಿನ ಹೆಸರು ಅದನ್ನು ನೋಡದವರ ಬಾಯಲ್ಲೂ ಆಡಿತು. ಲಾವಣಿ, ಭಾವಗೀತೆಗಳನ್ನು ಸಾವಿರಾರು ಜನರ ಮುಂದೆ ಹಾಡಿದ ಹುಕ್ಕೇರಿ ಬಾಳಪ್ಪನವರು ಮುರಗೋಡದವರು. ಗೋಕಾಕ ತಾಲೂಕಿನ ಬೆಟಗೇರಿಯಲ್ಲಿ 1900ರಲ್ಲಿ ಹುಟ್ಟಿದ ಕವಿ ಕೃಷ್ಣಶರ್ಮರು ಧಾರವಾಡಕ್ಕೆ ಹೋಗುವಾಗ ಊರನ್ನು ಹೆಸರಿನಲ್ಲೇ ಕಟ್ಟಿಕೊಂಡು ಹೋದರು. ವಂಟಮುರಿ ದೇಸಾಯಿ ಎಂದಾಗ ಊರು ಅವರ ಒಡೆತನ ಹೇಳುತ್ತದೆ. ಬಡವನ ಹೆಸರಿನಲ್ಲಿ ಊರು ಬಂದರೆ ಅವನೋ ಅವನ ಹಿರಿಯನೋ ಎಂದೋ ಆ ಊರು ಬಿಟ್ಟಿದ್ದಾನೆ ಎಂದರ್ಥ.

ಇಂಗ್ಲಿಷರು ಇದಕ್ಕೆ ಸೇರಿಸಿದ್ದು ಕಡಿಮೆ, ಗಟ್ಟಿ ಮಾಡಿದ್ದು ಹೆಚ್ಚು. 1867ರ ಮುಂಬಯಿ ಗ್ರಾಮ ಪೊಲೀಸ್ ಕಾಯ್ದೆ ಊರಗೌಡನಿಗೆ ಪೊಲೀಸ್ ಕೆಲಸವನ್ನು ಕಾನೂನಿನಂತೆ ಒಪ್ಪಿಸಿತು. ಹೀಗೆ ಪೊಲೀಸ್‌ಪಾಟೀಲ ಎಂಬುದೂ ಅಡ್ಡಹೆಸರಾಯಿತು. 1874ರ ವತನ ಕಾಯ್ದೆ, ಅಂದರೆ ವಂಶಪಾರಂಪರ್ಯ ಹುದ್ದೆಗಳ ಕಾಯ್ದೆ, ಯಾವ ಮನೆತನಕ್ಕೆ ಯಾವ ಹಕ್ಕು ಎಂದು ಬರೆದಿಟ್ಟಿತು. ಶಾಲೆ ಬಂದ ಮೇಲೆ ಮಾಸ್ತರರು ದಾಖಲಾತಿ ಪುಸ್ತಕದಲ್ಲಿ ಬರೆದದ್ದೇ ಕಾಯಂ ಆಯಿತು. ಅಣ್ಣನನ್ನು ಒಬ್ಬ ಮಾಸ್ತರರು ಊರಿನ ಹೆಸರಿನಿಂದ, ತಮ್ಮನನ್ನು ಇನ್ನೊಬ್ಬರು ಕಸುಬಿನ ಹೆಸರಿನಿಂದ ಬರೆದುಕೊಂಡರೆ ಒಂದೇ ಮನೆಯಲ್ಲಿ ಎರಡು ಅಡ್ಡಹೆಸರು.

ಸ್ವಾತಂತ್ರ್ಯ ಬಂದ ಮೇಲೆ ಹುದ್ದೆಗಳು ಹೋದವು. 1950ರ ಮುಂಬಯಿ ಕಾಯ್ದೆ ದೇಸಾಯಿ, ದೇಶಪಾಂಡೆ, ಕುಲಕರ್ಣಿ ವತನಗಳನ್ನು ತೆಗೆದುಹಾಕಿತು. ಉಳಿದ ಗ್ರಾಮ ವತನಗಳನ್ನು 1961ರ ಕರ್ನಾಟಕ ಕಾಯ್ದೆ ಮುಗಿಸಿತು. ಕುಲಕರ್ಣಿ ಕೂರುತ್ತಿದ್ದ ಚಾವಡಿಯಲ್ಲಿ ಪರೀಕ್ಷೆ ಪಾಸಾಗಿ ಬಂದ ತಲಾಟಿ ಕುಳಿತರು, ಅವರು ಯಾವ ಮನೆತನದವರೂ ಆಗಿರಬಹುದು. ಇದು ಆಗಲೇಬೇಕಿದ್ದ ಕೆಲಸ. ಹುಟ್ಟಿನಿಂದ ಬಂದ ಅಧಿಕಾರದ ಕೆಳಗೆ ಹುಟ್ಟಿನಿಂದ ಬಂದ ಚಾಕರಿಯೂ ಇತ್ತು, ಸುಗ್ಗಿಯ ಆಯಕ್ಕೆ ವರ್ಷವಿಡೀ ದುಡಿದವರು ಅದನ್ನು ಮರೆತಿಲ್ಲ.

ಹೆಸರುಗಳು ಮಾತ್ರ ಕಾಯ್ದೆಗೆ ಸಿಗಲಿಲ್ಲ. ಊರು ಕಾಯುತ್ತಿದ್ದ ತಳವಾರರ ವಿಷಯದಲ್ಲಿ ಇದು ತೀರ ಈಚೆಗೆ ಕಂಡಿತು. 2020ರಲ್ಲಿ ಸಂಸತ್ತು ಕರ್ನಾಟಕದ ಪರಿಶಿಷ್ಟ ಪಂಗಡಗಳ ಪಟ್ಟಿಯಲ್ಲಿ ನಾಯಕರ ಜೊತೆಗೆ ಪರಿವಾರ, ತಳವಾರ ಎಂಬ ಹೆಸರುಗಳನ್ನು ಸೇರಿಸಿತು. ತಳವಾರಿಕೆ ಹಿಂದೆ ಒಂದು ಹುದ್ದೆಯಾಗಿತ್ತು, ಬೇರೆ ಬೇರೆ ಊರುಗಳಲ್ಲಿ ಬೇರೆ ಬೇರೆ ಸಮುದಾಯದವರು ಅದನ್ನು ನಡೆಸಿದ್ದರು. ಹಾಗಾದರೆ ಪ್ರಮಾಣಪತ್ರ ಯಾರಿಗೆ? ತಹಸೀಲ್ದಾರ ಕಚೇರಿಗಳಿಗೆ ಅಜ್ಜನ ಶಾಲೆಯ ದಾಖಲಾತಿ, ಹಳೆಯ ಜಮೀನಿನ ಉತಾರ ಹಿಡಿದು ಜನ ಬಂದರು. ಕಿಟಕಿಯ ಆಚೆ ಕುಳಿತವರು ಕೇಳಬೇಕಾದದ್ದೂ ಬಸ್‌ಸ್ಟ್ಯಾಂಡಿನ ಹಿರಿಯರು ಕೇಳಿದ್ದನ್ನೇ: ಯಾವ ತಳವಾರರ ಪೈಕಿರೀ?